ಕೀಲಿಕೈ ತಿರುಗಿತು, ಕಾರು ಮಿಸುಕಲಿಲ್ಲ

ಮಾರ್ಚ್ ತಿಂಗಳ ಒಂದು ಬೆಳಿಗ್ಗೆ. ಮಗಳಿಗೆ ದ್ವಿತೀಯ ಪಿಯುಸಿಯ ಭೌತಶಾಸ್ತ್ರ ಪರೀಕ್ಷೆ. ಪರೀಕ್ಷಾ ಕೇಂದ್ರ ಹಾಸನದ ಆ ತುದಿಯಲ್ಲಿ, ನಮ್ಮ ಮನೆ ಈ ತುದಿಯಲ್ಲಿ. ದೇವರಿಗೆ ಕೈಮುಗಿದು, ಅಜ್ಜಿ ಕೊಟ್ಟ ಮೊಸರು-ಸಕ್ಕರೆ ತಿಂದು, ಪ್ರವೇಶಪತ್ರವನ್ನು ಮೂರು ಸಲ ಮುಟ್ಟಿ ನೋಡಿಕೊಂಡು ಅವಳು ಕಾರಿನಲ್ಲಿ ಕುಳಿತಳು. ನಾನು ಕೀಲಿಕೈ ತಿರುಗಿಸಿದೆ. ‘ಟಕ್’ ಎಂಬ ಸದ್ದೂ ಇಲ್ಲ. ಇನ್ನೊಮ್ಮೆ ತಿರುಗಿಸಿದೆ. ಮತ್ತೊಮ್ಮೆ. ಡ್ಯಾಶ್‌ಬೋರ್ಡಿನ ಕೆಂಪು ದೀಪಗಳು ಕಣ್ಣು ಬಿಟ್ಟುಕೊಂಡು ನನ್ನನ್ನೇ ನೋಡುತ್ತಿದ್ದವು. ಎಂಜಿನ್ ಮಾತ್ರ ಮೌನವ್ರತ ಹಿಡಿದಿತ್ತು.

ಕೊನೆಗೆ ಎದುರುಮನೆಯವರ ಸ್ಕೂಟರ್ ನಮ್ಮನ್ನು ಕಾಪಾಡಿತು. ಗಂಟೆ ಬಾರಿಸಲು ಐದು ನಿಮಿಷ ಇದ್ದಾಗ ಮಗಳು ಕೇಂದ್ರದ ಗೇಟು ದಾಟಿದಳು. ನಾನು ಮನೆಗೆ ಮರಳಿ, ನೋಡೋಣವೆಂದು ಕೀಲಿಕೈ ತಿರುಗಿಸಿದರೆ ಏನೂ ಆಗಿಯೇ ಇಲ್ಲವೆಂಬಂತೆ ಕಾರು ಗುರ್ರೆಂದು ಶುರುವಾಯಿತು!

ಈ ಕಾರನ್ನು ನಮ್ಮ ತಂದೆಯವರು 1997ರಲ್ಲಿ ಕೊಂಡರು. ಬಿಳಿ ಬಣ್ಣದ ಮಾರುತಿ 800, ಕಾರ್ಬ್ಯುರೇಟರ್ ಇರುವ ಮಾದರಿ. 1983ರ ಡಿಸೆಂಬರ್‌ನಲ್ಲಿ ಮೊದಲು ರಸ್ತೆಗಿಳಿದ ಈ ಕಾರಿನ ತಯಾರಿಕೆ 2014ರ ಜನವರಿಯಲ್ಲಿ ನಿಂತಿತು. ಆದರೂ ನಮ್ಮಂಥ ಎಷ್ಟೋ ಮನೆಗಳಲ್ಲಿ ಅದು ಕುಟುಂಬದ ಹಿರಿಯ ಸದಸ್ಯನಂತೆ ಉಳಿದುಕೊಂಡಿದೆ. ಹಿರಿಯರೆಂದ ಮೇಲೆ ಕಾಯಿಲೆ ಕಸಾಲೆ ಇದ್ದದ್ದೇ. ಆದರೆ ಈ ಕಾಯಿಲೆ ಯಾವುದೆಂದು ಯಾರಿಗೂ ತಿಳಿಯುತ್ತಿರಲಿಲ್ಲ. ದೀಪಾವಳಿಯ ಹೊತ್ತಿಗೆ ಇದೇ ತೊಂದರೆ ಕಾಣಿಸಿಕೊಂಡಾಗ ಸಾವಿರಾರು ರೂಪಾಯಿ ಕೊಟ್ಟು ಹೊಸ ಬ್ಯಾಟರಿ ಹಾಕಿಸಿದ್ದೆ. ಹದಿನೈದು ದಿನ ಸರಿಯಿತ್ತು. ಸಂಕ್ರಾಂತಿಗೆ ಮತ್ತೆ ಹಟ ಹಿಡಿದಾಗ ಗ್ಯಾರೇಜಿನವರು ಸೆಲ್ಫ್ ಮೋಟಾರು ಬಿಚ್ಚಿ, ಒಳಗಿನ ಕಾರ್ಬನ್ ಬ್ರಷ್ ಬದಲಿಸಿ ಕೊಟ್ಟರು. ಒಂದು ತಿಂಗಳು ಸರಿಯಿತ್ತು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂಬ ಗಾದೆಯ ಅರ್ಥ ನನಗೆ ಪೂರ್ತಿಯಾಗಿ ಆದದ್ದು ಆಗಲೇ.

ಪರೀಕ್ಷೆಗಳು ಮುಗಿದ ಮೇಲೆ ಇನ್ನೊಂದು ಘಟನೆ ನಡೆಯಿತು. ಚನ್ನರಾಯಪಟ್ಟಣದ ಕಡೆಯಿಂದ ಬರುತ್ತಿದ್ದಾಗ ರಸ್ತೆಯ ಒಂದು ಉಬ್ಬಿನ ಮೇಲೆ ಕಾರು ಕುಲುಕಿತು, ಎಂಜಿನ್ ಪಕ್ಕನೆ ನಿಂತೇ ಹೋಯಿತು. ಹಿಂದೆ ಟ್ಯಾಂಕರ್ ಲಾರಿಯ ಹಾರ್ನು. ಹೇಗೋ ಉರುಳುತ್ತಲೇ ಬದಿಗೆ ತಂದು ನಿಲ್ಲಿಸಿದೆ. ಕೈ ನಡುಗುತ್ತಿತ್ತು. ಕೀಲಿಕೈಯನ್ನು ತುಸು ಅಲುಗಾಡಿಸಿದಾಗ ದೀಪಗಳು ಮಿಣುಕಿ ಮತ್ತೆ ಹೊತ್ತಿಕೊಂಡವು. ಪಕ್ಕದಲ್ಲಿದ್ದ ಮಗಳು ಅದನ್ನು ಗಮನಿಸಿದಳು. “ಅಪ್ಪಾ, ನೀವು ಬ್ಯಾಟರಿ ಮುಟ್ಟಲಿಲ್ಲ, ಸೆಲ್ಫ್ ಮುಟ್ಟಲಿಲ್ಲ. ಕೀ ಮುಟ್ಟಿದ ಕೂಡಲೇ ದೀಪ ಬಂತು. ತೊಂದರೆ ಅಲ್ಲೇ ಇರಬೇಕಲ್ಲವೇ?”

ಆರು ತಿಂಗಳಲ್ಲಿ ಆ ಕಾರಿನ ಬಗ್ಗೆ ನಾನು ಕೇಳಿದ ಮೊದಲ ಸರಿಯಾದ ಪ್ರಶ್ನೆ ಅದು.

ಕೀಲಿಕೈಯ ಬೆನ್ನ ಹಿಂದೆ

ಒಂದು ಕಾಲಕ್ಕೆ ಕಾರಿಗೆ ಜೀವ ತುಂಬಲು ತೋಳಿನ ಬಲವೇ ಬೇಕಿತ್ತು. ಮುಂದೆ ನಿಂತು ಹ್ಯಾಂಡಲ್ ಹೊಡೆಯುತ್ತಿದ್ದುದನ್ನು ಹಳೆಯ ಲಾರಿ, ಅಂಬಾಸಿಡರ್‌ಗಳನ್ನು ಬಲ್ಲ ಹಿರಿಯರು ಮರೆತಿರಲಾರರು. ಎಂಜಿನ್ ಹಿಂದಕ್ಕೆ ಒದ್ದರೆ ಹ್ಯಾಂಡಲ್ ತಿರುಗಿ ಬಂದು ಮುಂಗೈ ಮುರಿಯುವ ಅಪಾಯವಿತ್ತು. ಅಮೆರಿಕದ ಎಂಜಿನಿಯರ್ ಚಾರ್ಲ್ಸ್ ಕೆಟರಿಂಗ್ ರೂಪಿಸಿದ ವಿದ್ಯುತ್ ಸ್ಟಾರ್ಟರ್ 1912ರ ಕ್ಯಾಡಿಲಾಕ್ ಕಾರಿನಲ್ಲಿ ಬಂದ ಮೇಲೆ ಈ ಕಷ್ಟ ತಪ್ಪತೊಡಗಿತು. ಅದರ ನಂತರವೂ ಬಹಳ ಕಾಲ ಅನೇಕ ಕಾರುಗಳಲ್ಲಿ ಕೀಲಿಕೈ ತಿರುಗಿಸುವುದು ಒಂದು ಕೆಲಸ, ಸ್ಟಾರ್ಟರ್ ಗುಂಡಿ ಒತ್ತುವುದು ಇನ್ನೊಂದು ಕೆಲಸವಾಗಿತ್ತು. ಎರಡೂ ಒಂದೇ ತಿರುವಿನಲ್ಲಿ ಆಗುವ ಏರ್ಪಾಡು ಬಂದದ್ದು ಆಮೇಲೆ.

ಕೀಲಿಕೈ ತೂರಿಸುವ ಜಾಗ ನಮ್ಮ ಕಣ್ಣಿಗೆ ಒಂದೇ ವಸ್ತುವಿನಂತೆ ಕಂಡರೂ ಅಲ್ಲಿ ಎರಡು ಭಾಗಗಳಿವೆ. ಮುಂದಿನದು ಬೀಗ. ಕೀಲಿಕೈಯ ಹಲ್ಲುಗಳನ್ನು ಗುರುತಿಸುವುದು, ಸ್ಟೀಯರಿಂಗ್ ಬಿಗಿಯುವುದು, ಬಿಡಿಸುವುದು ಅದರ ಕೆಲಸ. ಹಿಂದಿನದು ನಿಜವಾದ ಇಗ್ನಿಷನ್ ಸ್ವಿಚ್: ಪ್ಲಾಸ್ಟಿಕ್ ಕವಚ, ಒಳಗೆ ತಾಮ್ರದ ಸಣ್ಣ ತಟ್ಟೆಗಳು, ಅವನ್ನು ಒತ್ತಿ ಹಿಡಿಯುವ ಸ್ಪ್ರಿಂಗು. ಕೀಲಿಕೈ ತಿರುಗಿದಂತೆ ಈ ತಟ್ಟೆಗಳು ಒಂದರ ಮೇಲೊಂದು ಜಾರಿ ಬೇರೆ ಬೇರೆ ದಾರಿಗಳಿಗೆ ಕರೆಂಟು ಹರಿಸುತ್ತವೆ.

ಸಾಮಾನ್ಯವಾಗಿ ನಾಲ್ಕು ಸ್ಥಾನಗಳು. ‘ಲಾಕ್’ನಲ್ಲಿ ಎಲ್ಲವೂ ಬಂದ್, ಕೀಲಿಕೈ ತೆಗೆದರೆ ಸ್ಟೀಯರಿಂಗ್ ಕೂಡ ಬಿಗಿ. ‘ಎಸಿಸಿ’ಯಲ್ಲಿ ರೇಡಿಯೊದಂಥ ಬಿಡಿ ಉಪಕರಣಗಳಿಗೆ ಮಾತ್ರ ಕರೆಂಟು. ‘ಆನ್’ನಲ್ಲಿ ಎಂಜಿನ್ನಿನ ಕಿಡಿ ಹೊತ್ತಿಸುವ ವ್ಯವಸ್ಥೆಗೆ ಮತ್ತು ಮೀಟರುಗಳಿಗೆ ಕರೆಂಟು. ‘ಸ್ಟಾರ್ಟ್’ನಲ್ಲಿ ಸೆಲ್ಫ್ ಮೋಟಾರಿಗೆ ಅಪ್ಪಣೆ. ಕೈ ಬಿಟ್ಟರೆ ಸ್ಪ್ರಿಂಗಿನ ಬಲದಿಂದ ಅದು ತಾನಾಗಿ ‘ಆನ್’ಗೆ ಮರಳಬೇಕು.

ಇಲ್ಲಿ ಒಂದು ಸೂಕ್ಷ್ಮವಿದೆ. ಸೆಲ್ಫ್ ಮೋಟಾರು ಎಳೆಯುವ ನೂರಾರು ಆಂಪಿಯರ್ ಕರೆಂಟು ಈ ಪುಟ್ಟ ಸ್ವಿಚ್ಚಿನ ಮೂಲಕ ಹರಿಯುವುದಿಲ್ಲ. ಹರಿದರೆ ಅದು ಕ್ಷಣಮಾತ್ರದಲ್ಲಿ ಕರಗಿಹೋದೀತು. ಮೋಟಾರಿನ ಬೆನ್ನಮೇಲೆ ಸೊಲೆನಾಯ್ಡ್ ಎಂಬ ವಿದ್ಯುತ್ಕಾಂತ ಕುಳಿತಿರುತ್ತದೆ. ಕೀಲಿಕೈ ಅದಕ್ಕೆ ಮಾತ್ರ ಕರೆಂಟು ಕಳಿಸುತ್ತದೆ. ಅದು ‘ಟಕ್’ ಎಂದು ಸೆಳೆದುಕೊಂಡಾಗ ದಪ್ಪ ತಂತಿಯ ಮೂಲಕ ಬ್ಯಾಟರಿಯ ಭಾರೀ ಪ್ರವಾಹ ಮೋಟಾರಿಗೆ ಹೋಗುತ್ತದೆ. ಆದರೂ ಸೊಲೆನಾಯ್ಡ್ ಸೆಳೆದುಕೊಳ್ಳುವ ಆ ಗಳಿಗೆಯಲ್ಲಿ ಸ್ವಿಚ್ಚಿನ ಮೂಲಕ ಹತ್ತು ಆಂಪಿಯರಿಗೂ ಮೀರಿದ ಕರೆಂಟು ಹಾಯುತ್ತದೆ. ದಿನಕ್ಕೆ ಹತ್ತು ಸಲವೆಂದರೂ ವರ್ಷಕ್ಕೆ ಮೂರೂವರೆ ಸಾವಿರ ಸಲ. ಪ್ರತಿ ಸಲವೂ ತಟ್ಟೆಗಳು ಬೇರ್ಪಡುವಾಗ ಸಣ್ಣ ಕಿಡಿ. ತಾಮ್ರ ಕಪ್ಪಾಗುತ್ತದೆ, ಗುಳಿ ಬೀಳುತ್ತದೆ, ಒಳಗಿನ ಗ್ರೀಸು ಸುಟ್ಟು ಗಟ್ಟಿಯಾಗುತ್ತದೆ, ಸ್ಪ್ರಿಂಗು ಸೋಲುತ್ತದೆ. ಇದೇ ‘ಸವೆದ ಸ್ವಿಚ್’.

ಲಕ್ಷಣ ನೋಡಿ ರೋಗ

ಸವೆದ ಸ್ವಿಚ್ಚಿನ ಲಕ್ಷಣಗಳು ಬ್ಯಾಟರಿಯ ಲಕ್ಷಣಗಳಂತೆಯೇ ಕಾಣುವುದರಿಂದ ಮೋಸ ಹೋಗುವುದು ಸುಲಭ. ಕೆಲವು ಗುರುತುಗಳು ಹೀಗಿವೆ. ಒಮ್ಮೆ ಶುರುವಾಗುತ್ತದೆ, ಒಮ್ಮೆ ಇಲ್ಲ. ಕೀಲಿಕೈ ಅಲುಗಿಸಿದರೆ ಮೀಟರಿನ ದೀಪಗಳು ಮಿಣುಕುತ್ತವೆ. ಉಬ್ಬುತಗ್ಗಿನಲ್ಲಿ ಎಂಜಿನ್ ನಿಲ್ಲುತ್ತದೆ. ಸೆಲ್ಫ್ ಹೊಡೆಯುವಾಗ ಎಂಜಿನ್ ಹತ್ತಿಕೊಂಡು, ಕೀಲಿಕೈ ಬಿಟ್ಟ ಕೂಡಲೇ ಆರಿಹೋಗುತ್ತದೆ. ಅಂದರೆ ‘ಸ್ಟಾರ್ಟ್’ನ ತಟ್ಟೆ ಸರಿಯಿದೆ, ‘ಆನ್’ನ ತಟ್ಟೆ ಕೆಟ್ಟಿದೆ ಎಂದು ಅನುಮಾನಿಸಬಹುದು. ಬೀಗದ ಸುತ್ತ ಮುಟ್ಟಿದರೆ ಬಿಸಿ, ಪ್ಲಾಸ್ಟಿಕ್ ಸುಟ್ಟ ವಾಸನೆ ಬಂದರಂತೂ ತಡಮಾಡಬಾರದು.

ಬಿಚ್ಚುವ ಕೆಲಸಕ್ಕೆ ಮೊದಲು, ಖರ್ಚಿಲ್ಲದ ಎರಡು ಪರೀಕ್ಷೆಗಳಿವೆ. ಮೊದಲನೆಯದು, ಬೀರುವಿನಲ್ಲಿಟ್ಟಿರುವ ಎರಡನೆಯ ಕೀಲಿಕೈ ಹಾಕಿ ನೋಡುವುದು. ವರ್ಷಗಟ್ಟಲೆ ಬಳಸಿದ ಕೀಲಿಕೈಯ ಹಲ್ಲು ಸವೆದು ಬೀಗ ಪೂರ್ತಿ ತಿರುಗದೇ ಇರಬಹುದು. ಬಳಸದ ಕೀಲಿಕೈಯಲ್ಲಿ ಎಲ್ಲ ಸರಿಹೋದರೆ ಸ್ವಿಚ್ ಬದಲಿಸುವ ಮಾತೇ ಇಲ್ಲ. ಎರಡನೆಯದು, ಕಾರಿನ ಒಳಚಾವಣಿಯ ದೀಪ ಹಾಕಿಕೊಂಡು ಕೀಲಿಕೈಯನ್ನು ‘ಸ್ಟಾರ್ಟ್’ಗೆ ತಿರುಗಿಸುವುದು. ದೀಪ ಪೂರಾ ಮಂಕಾದರೆ ಬ್ಯಾಟರಿ, ಅದರ ತುದಿಗಳ ಹಿಡಿಕೆ ಅಥವಾ ಸೆಲ್ಫ್ ಮೋಟಾರನ್ನು ಶಂಕಿಸಬೇಕು. ದೀಪ ಒಂದಿಷ್ಟೂ ಕುಗ್ಗದೆ, ‘ಟಕ್’ ಸದ್ದೂ ಬರದಿದ್ದರೆ ಅಪ್ಪಣೆಯೇ ಸೊಲೆನಾಯ್ಡನ್ನು ತಲುಪಿಲ್ಲ ಎಂದರ್ಥ. ನಮ್ಮ ಕಾರಿನಲ್ಲಿ ದೀಪ ಸ್ವಲ್ಪ, ಕಂಡೂ ಕಾಣದಷ್ಟು ಮಂಕಾಯಿತು. ಸದ್ದಿಲ್ಲ.

ಮೀಟರ್ ಹೇಳಿದ ಅರ್ಧಸತ್ಯ

ಮಗಳು ಕಾಲೇಜಿನ ಪ್ರಯೋಗಾಲಯದಲ್ಲಿ ಕಂಡಿದ್ದ ಮಲ್ಟಿಮೀಟರನ್ನು ಕೊಳ್ಳಬೇಕೆಂದಳು. ಎಲೆಕ್ಟ್ರಿಕಲ್ ಅಂಗಡಿಯಲ್ಲಿ ಕೆಲವೇ ನೂರು ರೂಪಾಯಿಗೆ ಸಿಕ್ಕಿತು. ಬ್ಯಾಟರಿಯಿಂದ ಶುರುಮಾಡಿದೆವು: ಎಂಜಿನ್ ನಿಂತಿರುವಾಗ 12.5 ವೋಲ್ಟ್. ಪೂರ್ತಿ ಚಾರ್ಜ್ ಆದ ಬ್ಯಾಟರಿ 12.6ರ ಆಸುಪಾಸು ತೋರಿಸಬೇಕು; 12.2 ಎಂದರೆ ಅರ್ಧ ಖಾಲಿ. ನಮ್ಮದು ಪಾಸು. ತುದಿಗಳು ಬಿಗಿಯಾಗಿ, ಶುದ್ಧವಾಗಿದ್ದವು.

ಆಮೇಲೆ ಬ್ಯಾಟರಿಯ ನೆಗೆಟಿವ್ ತಂತಿ ಕಳಚಿಟ್ಟು, ಸ್ಟೀಯರಿಂಗ್ ಕಂಬದ ಕೆಳಗಿನ ಪ್ಲಾಸ್ಟಿಕ್ ಮುಚ್ಚಳದ ತಿರುಪುಗಳನ್ನು ಬಿಚ್ಚಿ, ಸ್ವಿಚ್ಚಿನ ತಂತಿಗಳ ಕಪ್ಲರ್ ಕಳಚಿದೆವು. ಮೀಟರನ್ನು ಓಮ್ ಸ್ಥಾನಕ್ಕಿಟ್ಟು, ಬ್ಯಾಟರಿಯಿಂದ ಬರುವ ತಂತಿಗೂ ಸ್ಟಾರ್ಟರ್ ತಂತಿಗೂ ಕಡ್ಡಿ ತಾಗಿಸಿ ಮಗಳು ಕೀಲಿಕೈ ತಿರುಗಿಸಿದಳು. ಮೀಟರು 0.7 ಓಮ್ ತೋರಿಸಿತು. ಕಡ್ಡಿಗಳೆರಡನ್ನೂ ಒಂದಕ್ಕೊಂದು ತಾಗಿಸಿದರೇ 0.3 ತೋರಿಸುವ ಮೀಟರು ಅದು. “ಸ್ವಿಚ್ ಸರಿಯಾಗೇ ಇದೆಯಲ್ಲ” ಎಂದು ಅವಳ ಮುಖ ಚಿಕ್ಕದಾಯಿತು. ನಾನು ಹೊಸ ಸೆಲ್ಫ್ ಮೋಟಾರಿನ ಬೆಲೆ ವಿಚಾರಿಸಲು ಫೋನು ಕೈಗೆತ್ತಿಕೊಂಡಿದ್ದೆ.

ಆ ಹೊತ್ತಿಗೆ ನೆನಪಾದದ್ದು ಬಸ್ ನಿಲ್ದಾಣದ ಬಳಿ ವಾಹನಗಳ ವೈರಿಂಗ್ ಕೆಲಸ ಮಾಡುವ ಹಿರಿಯರೊಬ್ಬರು. ಮೀಟರಿನ ಅಂಕಿಯನ್ನು ಕೇಳಿ ಅವರು ನಕ್ಕರು. “ಮೀಟರ್ ಸುಳ್ಳು ಹೇಳೋದಿಲ್ಲ ಸಾರ್, ನಾವು ಕೇಳೋ ಪ್ರಶ್ನೆ ತಪ್ಪಿರುತ್ತೆ” ಎಂದರು. ಮಗಳ ಕಡೆ ತಿರುಗಿ, “ನೋಡಮ್ಮಾ, ಖಾಲಿ ಗಾಡೀನ ಮುರುಕು ಸೇತುವೆ ಮೇಲೂ ದಾಟಿಸಬಹುದು. ಸೇತುವೆ ಗಟ್ಟಿಯೋ ಇಲ್ಲವೋ ಗೊತ್ತಾಗಬೇಕಾದರೆ ಕಬ್ಬು ತುಂಬಿದ ಗಾಡಿ ಹೋಗಬೇಕು” ಎಂದರು.

ಭೌತಶಾಸ್ತ್ರದ ಪುಸ್ತಕದ ಒಂದು ಅಧ್ಯಾಯವೇ ಆ ಮಾತಿನಲ್ಲಿತ್ತು. ಜರ್ಮನಿಯ ಶಾಲಾಮಾಸ್ತರ ಗಿಯಾರ್ಗ್ ಓಮ್ 1827ರಲ್ಲಿ ಪ್ರಕಟಿಸಿದ ನಿಯಮ ನಮ್ಮ ಮಕ್ಕಳಿಗೆಲ್ಲ ಬಾಯಿಪಾಠ: ವಿಭವಾಂತರ ಎಂದರೆ ಪ್ರವಾಹ ಗುಣಿಸು ರೋಧ. ಮಲ್ಟಿಮೀಟರು ರೋಧ ಅಳೆಯುವಾಗ ಹರಿಸುವ ಕರೆಂಟು ಆಂಪಿಯರಿನ ಸಾವಿರದ ಒಂದು ಪಾಲಿನ ಆಸುಪಾಸು. ಸುಟ್ಟ ತಟ್ಟೆಯ ಒಂದು ಮೂಲೆ ತಾಗಿದ್ದರೂ ಅದಕ್ಕೆ ಸಾಕು. ಅರ್ಧ ಓಮ್‌ನಂಥ ಅಲ್ಪ ರೋಧ ಅದರ ಕಡ್ಡಿತಂತಿಗಳ ಸ್ವಂತ ರೋಧದ ಜೊತೆ ಕಲಸಿಹೋಗುತ್ತದೆ. ಆದರೆ ಅದೇ ಅರ್ಧ ಓಮ್‌ನ ಮೂಲಕ ಹನ್ನೆರಡು ಆಂಪಿಯರ್ ಹಾಯಬೇಕಾಗಿ ಬಂದಾಗ? ಆರು ವೋಲ್ಟ್ ಅಲ್ಲೇ ಮಾಯ! ಬ್ಯಾಟರಿಯ ಹನ್ನೆರಡರಲ್ಲಿ ಸೊಲೆನಾಯ್ಡಿಗೆ ಸಿಗುವುದು ಅರ್ಧ ಮಾತ್ರ.

ಹೊರೆ ಹೊರಿಸಿ ನೋಡಿದಾಗ

ಆ ಹಿರಿಯರು ಹೇಳಿಕೊಟ್ಟ ಕ್ರಮದಲ್ಲಿ ಮರುದಿನ ಪರೀಕ್ಷೆ ನಡೆಯಿತು. ಗೇರು ನ್ಯೂಟ್ರಲ್, ಕೈಬ್ರೇಕು ಬಿಗಿ, ಚಕ್ರಕ್ಕೆ ಕಲ್ಲು. ಕಪ್ಲರ್ ಮತ್ತೆ ಜೋಡಿಸಿ, ನೆಗೆಟಿವ್ ತಂತಿಯನ್ನೂ ಹಾಕಿದೆವು. ಮೀಟರು ಈಗ 20 ವೋಲ್ಟಿನ ಡಿ.ಸಿ. ಸ್ಥಾನದಲ್ಲಿ. ಕಪ್ಪು ಕಡ್ಡಿಯನ್ನು ಕಾರಿನ ಕಬ್ಬಿಣದ ಮೈಗೆ ತಾಗಿಸಿ, ಕೆಂಪು ಕಡ್ಡಿಯನ್ನು ಕಪ್ಲರಿನ ಹಿಂಬದಿಯಿಂದ ಒಂದೊಂದೇ ತಂತಿಗೆ ಮುಟ್ಟಿಸುವುದು. ನಾನು ಕೀಲಿಕೈಯ ಬಳಿ, ಮಗಳು ಮೀಟರಿನ ಬಳಿ.

ಕೀಲಿಕೈಯನ್ನು ‘ಸ್ಟಾರ್ಟ್’ಗೆ ತಿರುಗಿಸಿ ಹಿಡಿದಾಗ ಬ್ಯಾಟರಿಯಿಂದ ಸ್ವಿಚ್ಚಿಗೆ ಬರುವ ತಂತಿಯಲ್ಲಿ 12.3 ವೋಲ್ಟ್. ಸ್ವಿಚ್ಚಿನಿಂದ ಸೊಲೆನಾಯ್ಡಿಗೆ ಹೊರಡುವ ತಂತಿಯಲ್ಲಿ 7.2 ವೋಲ್ಟ್. ನಡುವೆ 5.1 ವೋಲ್ಟ್ ನಾಪತ್ತೆ. ಒಳ್ಳೆಯ ಸ್ವಿಚ್ಚಿನಲ್ಲಿ ಈ ನಷ್ಟ 0.2 ಅಥವಾ 0.3 ವೋಲ್ಟ್ ಮೀರಬಾರದು. ಕೀಲಿಕೈಯನ್ನು ಅಲುಗಿಸಿದಾಗ 7.2 ಇದ್ದದ್ದು 11ಕ್ಕೆ ಜಿಗಿಯಿತು, ‘ಟಕ್’ ಎಂದಿತು, ಸೆಲ್ಫ್ ತಿರುಗಿತು. ಮಗಳು ಮೀಟರನ್ನು ಎತ್ತಿ ಹಿಡಿದು ಕುಣಿಯುವುದೊಂದು ಬಾಕಿ.

ಅಂದು ರಾತ್ರಿ ಅವಳು ಲೆಕ್ಕ ಹಾಕಿದಳು. ಹನ್ನೆರಡು ಆಂಪಿಯರ್ ಹರಿಯುತ್ತಿತ್ತು ಎಂದಿಟ್ಟುಕೊಂಡರೆ 5.1 ಗುಣಿಸು 12, ಅಂದರೆ ಸುಮಾರು 61 ವ್ಯಾಟ್. ಹಿಂದೆ ಮನೆಗಳಲ್ಲಿ ಉರಿಯುತ್ತಿದ್ದ ಅರವತ್ತರ ಬಲ್ಬಿನ ಶಾಖವೆಲ್ಲ ಹೆಬ್ಬೆರಳಿನಷ್ಟು ಪ್ಲಾಸ್ಟಿಕ್ ಡಬ್ಬಿಯೊಳಗೆ! ಶಾಖದಿಂದ ಸ್ಪ್ರಿಂಗು ಇನ್ನಷ್ಟು ಸೋಲುತ್ತದೆ, ರೋಧ ಹೆಚ್ಚುತ್ತದೆ, ಶಾಖ ಮತ್ತೂ ಹೆಚ್ಚುತ್ತದೆ. ರೋಗ ತನ್ನನ್ನು ತಾನೇ ಬೆಳೆಸಿಕೊಳ್ಳುವ ಬಗೆ ಇದು. ಹೊಸ ಬ್ಯಾಟರಿಯಿಂದ ಹದಿನೈದು ದಿನ ಸರಿಹೋದದ್ದೇಕೆ ಎಂಬುದೂ ಆಗ ಹೊಳೆಯಿತು. ಹಳೆಯ ಬ್ಯಾಟರಿಗಿಂತ ತುಸು ಹೆಚ್ಚು ವೋಲ್ಟೇಜು ಸಿಕ್ಕಿದ್ದರಿಂದ ಸ್ವಿಚ್ಚಿನ ಸುಂಕ ಕಟ್ಟಿಯೂ ಸೊಲೆನಾಯ್ಡಿಗೆ ಸಾಕಾಗುವಷ್ಟು ಉಳಿಯುತ್ತಿತ್ತು. ಸುಂಕ ಏರುತ್ತಾ ಹೋದಂತೆ ಅದೂ ಸಾಲದಾಯಿತು.

ಸ್ವಿಚ್ಚಿನ ಆಚೆ ಬದಿಯಲ್ಲಿ ಪೂರ್ತಿ ವೋಲ್ಟೇಜು ಇದ್ದು ಸೊಲೆನಾಯ್ಡಿನ ಸಣ್ಣ ತುದಿಯಲ್ಲಿ ಮಾತ್ರ ಇಲ್ಲದಿದ್ದರೆ ದೋಷ ನಡುವಿನ ತಂತಿಯಲ್ಲೋ ಜೋಡಣೆಯಲ್ಲೋ ಇರುತ್ತದೆ. ಸೊಲೆನಾಯ್ಡಿನವರೆಗೂ ವೋಲ್ಟೇಜು ಬಂದು ಅದು ಅಲುಗದಿದ್ದರೆ ಮಾತ್ರ ಸೆಲ್ಫ್ ಮೋಟಾರನ್ನು ದೂರಬೇಕು. ನೀರಿನ ಕಾಲುವೆ ಎಲ್ಲಿ ಒಡೆದಿದೆ ಎಂದು ನೋಡುತ್ತಾ ತೂಬಿನಿಂದ ಗದ್ದೆಯವರೆಗೆ ನಡೆದು ಹೋಗುವ ಕ್ರಮವೇ ಇದು.

ಬದಲಿಸುವ ಬಗೆ

ನಮ್ಮ ಬೀಗ ಗಟ್ಟಿಮುಟ್ಟಾಗಿತ್ತು. ಹಾಗಾಗಿ ಹಿಂದಿನ ವಿದ್ಯುತ್ ಭಾಗವೊಂದನ್ನೇ ಬದಲಿಸಿದರೆ ಸಾಕಾಯಿತು. ಬಿಡಿಭಾಗದ ಅಂಗಡಿಗೆ ಹೋಗುವಾಗ ಕಾರಿನ ಮಾದರಿ, ವರ್ಷ, ಕಪ್ಲರಿನ ಆಕಾರದ ಫೋಟೊ ಜೊತೆಗಿರಲಿ. ನೋಡಲು ಒಂದೇ ಥರ ಇದ್ದು ತಂತಿಗಳ ಜಾಗ ಬೇರೆಯಾಗಿರುವ ಸ್ವಿಚ್ಚುಗಳುಂಟು. ಬ್ಯಾಟರಿಗೆ ಸುರಿದ ದುಡ್ಡಿಗೆ ಹೋಲಿಸಿದರೆ ಇದರ ಬೆಲೆ ಏನೇನೂ ಅಲ್ಲ.

ಮೊದಲ ಕೆಲಸ, ಬ್ಯಾಟರಿಯ ನೆಗೆಟಿವ್ ತಂತಿ ಕಳಚುವುದು. ಮೊದಲು ಪಾಸಿಟಿವ್ ಬಿಚ್ಚಲು ಹೊರಟರೆ ಸ್ಪ್ಯಾನರ್ ಕಾರಿನ ಮೈಗೆ ತಾಗಿ ಭಾರೀ ಕಿಡಿ ಹಾರೀತು. ಎರಡನೆಯದು, ಮುಚ್ಚಳ ತೆಗೆದು ತಂತಿಗಳಿರುವ ಸ್ಥಿತಿಯ ಫೋಟೊ ತೆಗೆಯುವುದು. ಮೂರನೆಯದು, ಕಪ್ಲರನ್ನು ಅದರ ಕೊಂಡಿ ಒತ್ತಿ ಬಿಡಿಸುವುದು. ತಂತಿ ಹಿಡಿದು ಎಳೆಯಬಾರದು. ಆಮೇಲೆ ಸ್ವಿಚ್ಚನ್ನು ಬೀಗದ ಹಿಂಬದಿಗೆ ಹಿಡಿದಿರುವ ಸಣ್ಣ ತಿರುಪು ಬಿಚ್ಚಬೇಕು. ಬೀಗದಿಂದ ಹೊರಚಾಚಿದ ನಾಲಿಗೆಯೊಂದು ಸ್ವಿಚ್ಚಿನ ನಡುವಿನ ಗಾಡಿಯಲ್ಲಿ ಕೂರುತ್ತದೆ. ಹಳೆಯದನ್ನು ತೆಗೆಯುವಾಗ ಕೀಲಿಕೈ ಯಾವ ಸ್ಥಾನದಲ್ಲಿತ್ತೋ ಹೊಸದನ್ನೂ ಅದೇ ಸ್ಥಾನಕ್ಕೆ ತಿರುಗಿಸಿ ಕೂರಿಸಬೇಕು. ಬಲ ಹಾಕಿ ತುರುಕಿದರೆ ನಾಲಿಗೆ ಮುರಿಯುತ್ತದೆ.

ಮುಚ್ಚಳ ಹಾಕುವ ಮುಂಚೆಯೇ ಪರೀಕ್ಷೆ. ನಾಲ್ಕೂ ಸ್ಥಾನಗಳಲ್ಲಿ ಆಯಾ ಉಪಕರಣ ಕೆಲಸ ಮಾಡುತ್ತಿದೆಯೇ? ‘ಸ್ಟಾರ್ಟ್’ನಿಂದ ಕೈಬಿಟ್ಟಾಗ ಕೀಲಿಕೈ ತಾನಾಗಿ ಹಿಂದಕ್ಕೆ ಬರುತ್ತದೆಯೇ? ಬಾರದಿದ್ದರೆ ಎಂಜಿನ್ ಓಡುತ್ತಿರುವಾಗಲೂ ಸೆಲ್ಫ್ ಮೋಟಾರು ಕಚ್ಚಿಕೊಂಡೇ ಇದ್ದು ಹಾಳಾಗುತ್ತದೆ. ನಿಂತ ಕಾರಿನಲ್ಲಿ ಕೀಲಿಕೈ ತೆಗೆದಾಗ ಸ್ಟೀಯರಿಂಗ್ ಬಿಗಿಯುತ್ತದೆಯೇ, ‘ಆನ್’ನಲ್ಲಿ ಪೂರ್ತಿ ಸಡಿಲವಾಗಿ ತಿರುಗುತ್ತದೆಯೇ? ನಮ್ಮ ಕಾರಿನಲ್ಲಿ ಸೆಲ್ಫ್ ತಿರುಗುವಾಗ ಸ್ವಿಚ್ಚಿನ ಈಚೆ 10.9, ಆಚೆ 10.7 ವೋಲ್ಟ್. ನಷ್ಟ ಕೇವಲ 0.2.

ಎಲ್ಲವನ್ನೂ ಮನೆಯಲ್ಲೇ ಮಾಡಬೇಕೆಂದು ಹಟ ಬೇಡ. ಬೀಗವೂ ಸವೆದಿದ್ದು ಇಡೀ ಜೋಡಣೆಯನ್ನೇ ಬದಲಿಸಬೇಕಾದರೆ ಅದು ಪಳಗಿದ ಕೈಗಳ ಕೆಲಸ. ಕಳ್ಳರಿಗೆ ಬಿಚ್ಚಲಾಗದಿರಲೆಂದು ಅದರ ಬೋಲ್ಟುಗಳ ತಲೆ ಬಿಗಿದ ಮೇಲೆ ಮುರಿದುಹೋಗುವಂತೆ ಮಾಡಿರುತ್ತಾರೆ. ತೆಗೆಯಲು ಉಳಿಯೋ ಡ್ರಿಲ್ಲೋ ಬೇಕು. ಸ್ಟೀಯರಿಂಗಿನಲ್ಲಿ ಏರ್‌ಬ್ಯಾಗ್ ಇರುವ ಕಾರಾದರಂತೂ ಆ ಕಂಬಕ್ಕೆ ಕೈಹಾಕದೆ ಗ್ಯಾರೇಜಿಗೇ ಒಯ್ಯಿರಿ. ಇನ್ನು ಸ್ಕ್ರೂಡ್ರೈವರಿನಿಂದ ಸೊಲೆನಾಯ್ಡಿನ ತುದಿಗಳನ್ನು ಸೇರಿಸಿ ‘ಡೈರೆಕ್ಟ್’ ಶುರುಮಾಡುವ ಸಾಹಸವಂತೂ ಬೇಡವೇ ಬೇಡ. ಕಾರು ಗೇರಿನಲ್ಲಿದ್ದರೆ ಮುಂದೆ ನಿಂತವರ ಮೇಲೇ ನುಗ್ಗುತ್ತದೆ.

ಸಣ್ಣ ಸ್ಪ್ರಿಂಗು, ದೊಡ್ಡ ಪಾಠ

‘ಶುರುವಾಗದಿದ್ದರೆ ತಳ್ಳಿದರಾಯಿತು, ಅದಕ್ಕೇಕೆ ಇಷ್ಟು ರಾಮಾಯಣ?’ ಎನ್ನುವವರಿದ್ದಾರೆ. ಅವರು ಅಮೆರಿಕದ ಒಂದು ಪ್ರಕರಣ ತಿಳಿಯಬೇಕು. ಜನರಲ್ ಮೋಟಾರ್ಸ್ ಕಂಪನಿಯ ಷೆವರ್ಲೆ ಕೋಬಾಲ್ಟ್ ಮುಂತಾದ ಕಾರುಗಳ ಇಗ್ನಿಷನ್ ಸ್ವಿಚ್ಚಿನಲ್ಲಿ ಕೀಲಿಕೈಯನ್ನು ಅದರ ಸ್ಥಾನದಲ್ಲಿ ಹಿಡಿದಿಡುವ ಸ್ಪ್ರಿಂಗು-ಕಡ್ಡಿ ದುರ್ಬಲವಾಗಿತ್ತು. ಭಾರದ ಕೀಲಿಗೊಂಚಲು ಜೋತಾಡಿದರೆ, ಮೊಣಕಾಲು ತಾಗಿದರೆ, ರಸ್ತೆ ಕುಲುಕಿದರೆ ಕೀಲಿಕೈ ‘ಆನ್’ನಿಂದ ‘ಎಸಿಸಿ’ಗೆ ಜಾರುತ್ತಿತ್ತು. ಎಂಜಿನ್ ನಿಲ್ಲುತ್ತಿತ್ತು, ಸ್ಟೀಯರಿಂಗಿಗೆ ಸಿಗುತ್ತಿದ್ದ ಸಹಾಯ ತಪ್ಪುತ್ತಿತ್ತು, ಡಿಕ್ಕಿಯಾದರೆ ಏರ್‌ಬ್ಯಾಗೂ ಬಿಚ್ಚಿಕೊಳ್ಳುತ್ತಿರಲಿಲ್ಲ. 2014ರಲ್ಲಿ ಸುಮಾರು 26 ಲಕ್ಷ ಕಾರುಗಳನ್ನು ಈ ಸ್ವಿಚ್ಚಿಗಾಗಿ ವಾಪಸು ಕರೆಯಲಾಯಿತು. ಕಂಪನಿಯ ಪರಿಹಾರ ನಿಧಿ 124 ಸಾವುಗಳಿಗೆ ಪರಿಹಾರ ಒಪ್ಪಿಕೊಂಡಿತು. 2015ರಲ್ಲಿ ಅಮೆರಿಕ ಸರ್ಕಾರದೊಂದಿಗಿನ ಒಪ್ಪಂದದಂತೆ ಕಂಪನಿ 90 ಕೋಟಿ ಡಾಲರ್ ತೆರಬೇಕಾಯಿತು.

ವಿದ್ಯಾರ್ಥಿಗಳು ಗಮನಿಸಬೇಕಾದ ಸಂಗತಿ ಇನ್ನೊಂದಿದೆ. ಆ ಕಡ್ಡಿಯನ್ನು ಮಧ್ಯದಲ್ಲಿ ತುಸು ಉದ್ದ ಮಾಡಿ ಸರಿಪಡಿಸಲಾಗಿತ್ತು. ವ್ಯತ್ಯಾಸ ಎರಡು ಮಿಲಿಮೀಟರಿಗೂ ಕಡಿಮೆ. ಆದರೆ ಬಿಡಿಭಾಗದ ಸಂಖ್ಯೆಯನ್ನು ಬದಲಿಸಲಿಲ್ಲ. ಹೊಸ ಕಾರುಗಳಲ್ಲಿ ಏಕೆ ತೊಂದರೆ ಕಡಿಮೆ, ಹಳೆಯವುಗಳಲ್ಲಿ ಏಕೆ ಹೆಚ್ಚು ಎಂಬುದು ವರ್ಷಗಟ್ಟಲೆ ಒಗಟಾಗಿತ್ತು. ಹಳೆಯ, ಹೊಸ ಸ್ವಿಚ್ಚುಗಳೆರಡನ್ನೂ ಬಿಚ್ಚಿ, ಪಕ್ಕಪಕ್ಕ ಇಟ್ಟು ಅಳೆದು ನೋಡಿದಾಗಲೇ ಸತ್ಯ ಹೊರಬಿದ್ದದ್ದು.

ನಮ್ಮ ರಸ್ತೆಗಳಲ್ಲಿ ನೆನಪಿಡಬೇಕಾದದ್ದು ಇಷ್ಟು: ಚಲಿಸುವಾಗ ಎಂಜಿನ್ ನಿಂತರೆ ಗಾಬರಿಯಾಗಿ ಕೀಲಿಕೈಯನ್ನು ಹೊರಗೆ ಎಳೆಯಬೇಡಿ, ಸ್ಟೀಯರಿಂಗ್ ಬಿಗಿದುಕೊಂಡೀತು. ಬ್ರೇಕಿಗೆ ಬಲ ಹೆಚ್ಚು ಬೇಕಾಗುತ್ತದೆ. ಮತ್ತೆ ಮತ್ತೆ ಒತ್ತಿ ಬಿಡದೆ ಒಂದೇ ಸಮನೆ ಒತ್ತಿ ಹಿಡಿದು, ಸೂಚಕ ದೀಪ ಹಾಕಿ ಬದಿಗೆ ಬನ್ನಿ. ಕಾರಿನ ಕೀಲಿಕೈಯನ್ನು ಮನೆ, ಬೀರು, ಅಂಗಡಿಯ ಕೀಲಿಕೈಗಳ ಗೊಂಚಲಿಗೆ ಕಟ್ಟಬೇಡಿ. ದೊಡ್ಡ ಹಾರ್ನು, ಹೆಚ್ಚುವರಿ ದೀಪ ಹಾಕಿಸುವುದಾದರೆ ರಿಲೇ ಇಟ್ಟು ಬ್ಯಾಟರಿಯಿಂದ ಫ್ಯೂಸ್ ಮೂಲಕ ಎಳೆಸಿ. ಅವುಗಳ ಹೊರೆಯನ್ನು ಪಾಪದ ಇಗ್ನಿಷನ್ ಸ್ವಿಚ್ಚಿನ ತಲೆಗೆ ಕಟ್ಟಬೇಡಿ.

ಹಳೆಯ ಸ್ವಿಚ್ಚನ್ನು ಮಗಳು ಎಸೆಯಲು ಬಿಡಲಿಲ್ಲ. ವೃತ್ತಪತ್ರಿಕೆ ಹಾಸಿ, ಅದರ ಮೇಲೆ ಬಿಚ್ಚಿದಳು. ತಾಮ್ರದ ತಟ್ಟೆಗಳು ಇದ್ದಿಲಿನಂತೆ ಕಪ್ಪಾಗಿದ್ದವು. ಒಂದರ ನಡುವೆ ಸಾಸಿವೆ ಕೂರುವಷ್ಟು ಗುಳಿ. ಪ್ಲಾಸ್ಟಿಕ್ಕಿನ ಒಂದು ಮೂಲೆ ಕರಗಿ ಕಂದುಬಣ್ಣಕ್ಕೆ ತಿರುಗಿತ್ತು. ನಮ್ಮ ತಂದೆಯವರು ಕನ್ನಡಕ ಏರಿಸಿಕೊಂಡು ಅದನ್ನು ಬಹಳ ಹೊತ್ತು ನೋಡಿದರು. ಕಾರನ್ನು ಗುಜರಿಗೆ ಹಾಕೋಣವೆಂದು ನಾನು ಎರಡು ಸಲ ಮಾತೆತ್ತಿದ್ದೆ. ಆಗೆಲ್ಲ ಅವರು ಏನೂ ಹೇಳದೆ ಎದ್ದು ಹೋಗಿದ್ದರು. ಈಗ, “ಇಷ್ಟೇನಾ?” ಎಂದರು.

ಇಷ್ಟೇ. ಆದರೆ ಇಷ್ಟನ್ನು ಕಾಣಲು ನಮಗೆ ಆರು ತಿಂಗಳು ಹಿಡಿಯಿತು, ಏಕೆಂದರೆ ನಾವು ಅಳೆಯದೆಯೇ ಬದಲಿಸುತ್ತಿದ್ದೆವು. ಅಳೆದಾಗಲೂ ಹೊರೆ ಹೊರಿಸದೆ ಅಳೆದೆವು. ಮಗಳಿಗೆ ಆ ಪರೀಕ್ಷೆಯಲ್ಲಿ ಓಮ್‌ನ ನಿಯಮದ ಮೇಲೆ ಪ್ರಶ್ನೆ ಬಂದಿತ್ತಂತೆ, ಸರಿಯಾಗಿಯೇ ಬರೆದಿದ್ದಳು. “ಆದರೆ ಅಪ್ಪಾ, ಅದು ಅರ್ಥವಾದದ್ದು ಪರೀಕ್ಷೆ ಮುಗಿದ ಮೇಲೆ” ಎಂದಳು. ಆ ಸುಟ್ಟ ತಟ್ಟೆ ಈಗ ಅವಳ ಓದುವ ಮೇಜಿನ ಮೇಲಿದೆ. ಕಾರು ಹೊರಗೆ ನಿಂತಿದೆ. ಕೀಲಿಕೈ ತಿರುಗಿಸಿದರೆ ಒಂದೇ ಸಲಕ್ಕೆ ಶುರುವಾಗುತ್ತದೆ.